ಕತ್ತರಿ ಹಿಡಿದ ಕೈಯೂ ಸಾಕ್ಷಿಯೇ: ಎಸ್ಫಿರ್ ಶುಬ್ ಬದುಕು ಮತ್ತು ಕೆಲಸ

ಸಿನಿಮಾ ಮುಗಿದು ತೆರೆಯ ಮೇಲೆ ಹೆಸರುಗಳು ಸರಿಯತೊಡಗಿದಾಗ ನಾವು ಎದ್ದು ಬಾಗಿಲ ಕಡೆಗೆ ನಡೆಯುತ್ತೇವೆ. ನಟನಟಿಯರ ಹೆಸರು ನಮಗೆ ಗೊತ್ತು. ನಿರ್ದೇಶಕರ ಹೆಸರೂ ಹೆಚ್ಚಿನವರಿಗೆ ಗೊತ್ತು. ಆದರೆ ಸಂಕಲನ ಯಾರದೆಂದು ಕೇಳುವವರು ತೀರಾ ಕಡಿಮೆ. ಯಾವ ದೃಶ್ಯ ಉಳಿಯಬೇಕು, ಯಾವುದು ಹೋಗಬೇಕು, ಯಾವುದರ ಹಿಂದೆ ಯಾವುದು ಬರಬೇಕು ಎಂದು ತೀರ್ಮಾನಿಸುವ ಕೈಯನ್ನು ನಾವು ಕಾಣುವುದೇ ಇಲ್ಲ.

ಕಥಾಚಿತ್ರದ ಮಟ್ಟಿಗೆ ಇದರಿಂದ ದೊಡ್ಡ ನಷ್ಟವಿಲ್ಲ ಎನ್ನಬಹುದು. ಸಾಕ್ಷ್ಯಚಿತ್ರದ ವಿಷಯ ಹಾಗಲ್ಲ. ಕನ್ನಡದಲ್ಲಿ ಅದಕ್ಕೆ ಇಟ್ಟ ಹೆಸರಿನಲ್ಲೇ ‘ಸಾಕ್ಷ್ಯ’ ಇದೆ. ನ್ಯಾಯಾಲಯದಲ್ಲಿ ಸಾಕ್ಷಿ ನುಡಿಯುವವನನ್ನು ಕಟಕಟೆಗೆ ಕರೆಯುತ್ತಾರೆ. ನೀನು ಎಲ್ಲಿ ನಿಂತಿದ್ದೆ, ಯಾವಾಗ ನೋಡಿದೆ, ನೋಡಿದ್ದನ್ನೆಲ್ಲ ಹೇಳಿದೆಯಾ ಎಂದು ಪಾಟೀಸವಾಲು ಮಾಡುತ್ತಾರೆ. ತೆರೆಯ ಮೇಲಿನ ಸಾಕ್ಷ್ಯವನ್ನು ಮಾತ್ರ ನಾವು ಒಂದು ಪ್ರಶ್ನೆಯನ್ನೂ ಕೇಳದೆ ನಂಬಿಬಿಡುತ್ತೇವೆ. ಕಣ್ಣಾರೆ ಕಂಡದ್ದು ಸುಳ್ಳಾಗಲು ಸಾಧ್ಯವೇ ಎಂಬುದು ನಮ್ಮ ಧೈರ್ಯ.

ಈ ಧೈರ್ಯವನ್ನು ಪರೀಕ್ಷಿಸಿಕೊಳ್ಳಲು ನಾವು ಇಲ್ಲಿ ಒಬ್ಬ ಮಹಿಳೆಯ ಬದುಕನ್ನು ನೆನೆಯಲು ಬಯಸುತ್ತೇವೆ. ಅವರು ಎಸ್ಫಿರ್ ಶುಬ್. ರಷ್ಯಾದ ಈ ಸಂಕಲನಕಾರ್ತಿ ತಮ್ಮ ಅತ್ಯಂತ ಪ್ರಸಿದ್ಧ ಚಿತ್ರಕ್ಕೆ ಬಳಸಿದ್ದು ಬಹುಪಾಲು ಬೇರೆಯವರು ತೆಗೆದ ಹಳೆಯ ಫಿಲ್ಮುಗಳನ್ನೇ. ಆದರೂ ಅದು ಅವರದೇ ಚಿತ್ರ ಎಂದು ಇಂದು ಜಗತ್ತು ಒಪ್ಪುತ್ತದೆ. ಆದರೆ ಆ ಮಾತನ್ನು ಒಪ್ಪಿಸಲು ಅಂದು ಜಗಳವನ್ನೇ ಆಡಬೇಕಾಯಿತು.

ಕತ್ತರಿಯ ಶಾಲೆ

ಶುಬ್ ಹುಟ್ಟಿದ್ದು 1894ರಲ್ಲಿ, ಅಂದಿನ ರಷ್ಯಾ ಸಾಮ್ರಾಜ್ಯದ ಚೆರ್ನಿಗೊವ್ ಪ್ರಾಂತದ ಸುರಾಜ್ ಎಂಬ ಸಣ್ಣ ಊರಿನ ಯಹೂದಿ ಕುಟುಂಬದಲ್ಲಿ. ಯಹೂದಿಗಳು ಸಾಮ್ರಾಜ್ಯದ ಪಶ್ಚಿಮದ ಕೆಲವು ಪ್ರಾಂತಗಳಲ್ಲಿ ಮಾತ್ರ ವಾಸಿಸಬೇಕೆಂಬ ಕಾನೂನು ಝಾರರ ಆಳ್ವಿಕೆಯಲ್ಲಿತ್ತು. ಚೆರ್ನಿಗೊವ್ ಅಂಥ ಪ್ರಾಂತಗಳಲ್ಲಿ ಒಂದು. ಉನ್ನತ ಶಿಕ್ಷಣಕ್ಕೂ ಅವರಿಗೆ ಇಷ್ಟೇ ಮಂದಿ ಎಂಬ ಮಿತಿಯಿತ್ತು. ಅಂಥ ಕಾಲದಲ್ಲಿ ಮಾಸ್ಕೋಗೆ ಹೋಗಿ ಸಾಹಿತ್ಯ ಓದಿದ ಈ ಯುವತಿ, 1917ರ ಕ್ರಾಂತಿಯ ಬಳಿಕ ಶಿಕ್ಷಣ ಇಲಾಖೆಯ ರಂಗಭೂಮಿ ವಿಭಾಗದಲ್ಲಿ ಕೆಲಸಕ್ಕೆ ಸೇರಿದರು. ನಾಟಕ ನಿರ್ದೇಶಕ ಮೆಯರ್‌ಹೋಲ್ಡ್, ಕವಿ ಮಯಕೋವ್‌ಸ್ಕಿ ಅವರ ಪರಿಚಯವಾದದ್ದು ಅಲ್ಲಿಯೇ.

1922ರಲ್ಲಿ ಅವರು ಸರಕಾರಿ ಚಲನಚಿತ್ರ ಸಂಸ್ಥೆ ಗೊಸ್ಕಿನೋ ಸೇರಿದರು. ಅಲ್ಲಿ ಸಿಕ್ಕಿದ ಕೆಲಸ ವಿಚಿತ್ರವಾದುದು. ಅಮೆರಿಕ, ಜರ್ಮನಿಗಳಿಂದ ಬಂದ ಚಿತ್ರಗಳನ್ನು ಕತ್ತರಿಸಿ, ಹೊಸದಾಗಿ ಜೋಡಿಸಿ, ನಡುನಡುವೆ ಬರುವ ಬರಹದ ಪಟ್ಟಿಗಳನ್ನು ಬದಲಿಸಿ ಸೋವಿಯತ್ ಪ್ರೇಕ್ಷಕರಿಗೆ ‘ತಕ್ಕಂತೆ’ ಮಾಡಬೇಕು. ಚಾಪ್ಲಿನ್ನರ ‘ಕಾರ್ಮೆನ್’ ಕೂಡ ಅವರ ಮೇಜಿನ ಮೇಲೆ ಹಾದುಹೋಯಿತು. ಹೀಗೆ ಅವರು ಸುಮಾರು 200 ವಿದೇಶಿ ಚಿತ್ರಗಳನ್ನು ತಿದ್ದಿದರು. 1924ರಲ್ಲಿ ಜರ್ಮನ್ ನಿರ್ದೇಶಕ ಫ್ರಿಟ್ಸ್ ಲಾಂಗ್ ಅವರ ‘ಡಾಕ್ಟರ್ ಮಬೂಸೆ’ ಚಿತ್ರವನ್ನು ಕತ್ತರಿಸುವಾಗ ಅವರ ಪಕ್ಕದಲ್ಲಿ ಕುಳಿತು ಕೆಲಸ ಕಲಿತ ಯುವಕ ಸೆರ್ಗೈ ಐಸೆನ್‌ಸ್ಟೈನ್. ಮರುವರ್ಷವೇ ‘ಬ್ಯಾಟಲ್‌ಶಿಪ್ ಪೊಟೆಮ್ಕಿನ್’ ತೆಗೆದು ಜಗತ್ಪ್ರಸಿದ್ಧನಾದವನು ಆತನೇ.

ಇದು ಸೆನ್ಸಾರಿನ ಕೆಲಸವೇ ಆಗಿತ್ತೆಂಬುದನ್ನು ನಾವು ಮರೆಮಾಚಬೇಕಾಗಿಲ್ಲ. ಆದರೆ ಶುಬ್ ಅಲ್ಲಿ ಒಂದು ದೊಡ್ಡ ಪಾಠ ಕಲಿತರು. ಚಿತ್ರದ ಒಂದು ತುಂಡಿಗೆ ಪೂರ್ತಿ ಅರ್ಥ ತನ್ನಿಂದ ತಾನೇ ಬರುವುದಿಲ್ಲ. ಅದರ ಹಿಂದೆ ಏನಿದೆ, ಮುಂದೆ ಏನಿದೆ, ಮೇಲೆ ಯಾವ ಮಾತು ಬರೆದಿದೆ ಎಂಬುದರ ಮೇಲೆ ನಗು ಅಳುವಾಗಬಹುದು, ನಾಯಕ ಖಳನಾಗಬಹುದು. ಕತ್ತರಿ ಏನೇನು ಮಾಡಬಲ್ಲದು ಎಂಬುದನ್ನು ಇನ್ನೂರು ಸಲ ಕಂಡ ಕೈ ಅದು. ಮುಂದೆ ಅವರು ‘ವಾಸ್ತವಾಂಶವೇ ಮುಖ್ಯ’ ಎಂದು ಹಟ ಹಿಡಿದದ್ದಕ್ಕೂ ಈ ಅನುಭವಕ್ಕೂ ಸಂಬಂಧವಿದೆಯೆಂದು ನಮಗೆ ತೋರುತ್ತದೆ.

ನೆಲಮಾಳಿಗೆಯ ಅರಸ

1926ರ ಬೇಸಿಗೆಯಲ್ಲಿ ಶುಬ್ ಲೆನಿನ್‌ಗ್ರಾಡಿಗೆ ಹೋದರು. ಕೊನೆಯ ಝಾರ್ ಎರಡನೇ ನಿಕೊಲಸ್‌ನ ಕಾಲದ ಸುದ್ದಿಚಿತ್ರಗಳನ್ನು ಹುಡುಕಿ, ಅವುಗಳಿಂದಲೇ ರಾಜವಂಶದ ಪತನದ ಕಥೆ ಹೇಳಬೇಕೆಂಬುದು ಅವರ ಯೋಜನೆ. ನಟರಿಲ್ಲ, ರಂಗಸಜ್ಜಿಕೆಯಿಲ್ಲ. ಇದು ಆಗುವ ಕೆಲಸವೇ ಎಂದು ಸಂಸ್ಥೆಯವರಿಗೆ ಮೊದಲು ಅನುಮಾನವಿತ್ತು.

ಸಿನಿಮಾ ಎಂಬುದು ಹುಟ್ಟಿದ ಹೊಸತರಲ್ಲೇ ರಷ್ಯಾದ ಅರಮನೆಯ ಒಳಹೊಕ್ಕಿತ್ತು. 1896ರಲ್ಲಿ ನಿಕೊಲಸ್‌ನ ಪಟ್ಟಾಭಿಷೇಕವನ್ನು ಫ್ರಾನ್ಸಿನ ಲ್ಯುಮಿಯೇರ್ ಕಂಪೆನಿಯವರು ಚಿತ್ರೀಕರಿಸಿದ್ದರು. ಆ ಸಂಭ್ರಮದ ಭಾಗವಾಗಿ ಮಾಸ್ಕೋದ ಖೊದಿಂಕಾ ಮೈದಾನದಲ್ಲಿ ಉಡುಗೊರೆ ಹಂಚುವಾಗ ನೂಕುನುಗ್ಗಲಾಗಿ ಸಾವಿರಕ್ಕೂ ಹೆಚ್ಚು ಜನ ಕಾಲ್ತುಳಿತಕ್ಕೆ ಸಿಕ್ಕಿ ಸತ್ತರು. ಮುಂದಿನ ವರ್ಷಗಳಲ್ಲಿ ಅರಮನೆಗೆ ತನ್ನದೇ ಛಾಯಾಗ್ರಾಹಕರಿದ್ದರು. ಮೆರವಣಿಗೆ, ಸೇನಾ ತಪಾಸಣೆ, ಬೇಟೆ, ಮಕ್ಕಳ ಆಟ, ಹಡಗಿನ ವಿಹಾರ ಎಲ್ಲವನ್ನೂ ಅವರು ಚಿತ್ರೀಕರಿಸುತ್ತಿದ್ದರು. ಅರಸನಿಗೆ ತನ್ನನ್ನೇ ತೆರೆಯ ಮೇಲೆ ನೋಡಿಕೊಳ್ಳುವುದು ಇಷ್ಟವಿತ್ತು.

ಕ್ರಾಂತಿಯ ಗದ್ದಲದಲ್ಲಿ ಈ ರೀಲುಗಳು ದಿಕ್ಕಾಪಾಲಾಗಿದ್ದವು. ಒದ್ದೆ ನೆಲಮಾಳಿಗೆಗಳಲ್ಲಿ, ತುಕ್ಕು ಹಿಡಿದ ಡಬ್ಬಿಗಳಲ್ಲಿ ಅವು ಬಿದ್ದಿದ್ದವು. ಕೆಲವುಗಳ ಮೇಲಿನ ಲೇಪ ತೇವಕ್ಕೆ ಎದ್ದು ಚಿತ್ರವೇ ಅಳಿಸಿಹೋಗಿತ್ತು. ಅಂದಿನ ನೈಟ್ರೇಟ್ ಫಿಲ್ಮು ಬೆಂಕಿಗೂ ಬಹುಬೇಗ ಸಿಕ್ಕುವಂಥದು. ಎರಡು ತಿಂಗಳಲ್ಲಿ ಶುಬ್ 60,000 ಮೀಟರ್ ಫಿಲ್ಮು ನೋಡಿದರು. ಅಂದಿನ ವೇಗದಲ್ಲಿ ಓಡಿಸಿದರೆ ಅದು ಐವತ್ತು ಗಂಟೆಗೂ ಹೆಚ್ಚು. ಅದರಿಂದ ಅವರು ಆರಿಸಿಕೊಂಡದ್ದು 5,200 ಮೀಟರ್. ತುಂಡು ತುಂಡು ನೋಡಿ, ಇದು ಯಾರು, ಎಲ್ಲಿಯದು, ಯಾವ ವರ್ಷದ್ದು ಎಂದು ಗುರುತಿಸುವುದೇ ಒಂದು ಸಂಶೋಧನೆ. ಇತಿಹಾಸಕಾರ ಹಳೆಯ ದಾಖಲೆಗಳ ಕಟ್ಟು ಬಿಚ್ಚಿ ಕುಳಿತಂತೆ ಅವರು ಕುಳಿತಿದ್ದರು. ಎಲ್ಲಿ ಚಿತ್ರ ಸಿಗಲಿಲ್ಲವೋ ಅಲ್ಲಿ ಅಂದಿನ ಪತ್ರಿಕೆ, ದಾಖಲೆಗಳನ್ನೇ ಚಿತ್ರೀಕರಿಸಿ ಸೇರಿಸಿದರು.

ಸುಮಾರು ಒಂದೂವರೆ ಗಂಟೆಯ ‘ರೊಮಾನೊವ್ ವಂಶದ ಪತನ’ 1927ರ ಮಾರ್ಚಿನಲ್ಲಿ, ಝಾರ್ ಸಿಂಹಾಸನ ಬಿಟ್ಟು ಹತ್ತು ವರ್ಷ ತುಂಬಿದ ಹೊತ್ತಿಗೆ ತೆರೆ ಕಂಡಿತು. 1913ರಲ್ಲಿ ರಾಜವಂಶದ ಮುನ್ನೂರನೇ ವರ್ಷದ ವೈಭವದ ಮೆರವಣಿಗೆ, ಹಳ್ಳಿಯ ಬಡತನ, ಮಹಾಯುದ್ಧದ ಕಂದಕಗಳು ಮತ್ತು ಹೆಣಗಳು, ಕೊನೆಗೆ ಬೀದಿಗಿಳಿದ ಜನ, ಎಲ್ಲವೂ ಅದರಲ್ಲಿವೆ. ಅದರ ಒಂದು ದೃಶ್ಯ ಇಂದಿಗೂ ಸಿನಿಮಾ ಪಾಠಗಳಲ್ಲಿ ಬರುತ್ತದೆ. ಹಡಗಿನ ಡೆಕ್ಕಿನ ಮೇಲೆ ಅರಮನೆಯ ಗಂಡಸರು, ಹೆಂಗಸರು ಕುಣಿಯುತ್ತಿದ್ದಾರೆ. ಕುಣಿದು ದಣಿದು ಬೆವರೊರೆಸಿಕೊಳ್ಳುತ್ತಾರೆ. ಬೆವರಿನ ಬಗ್ಗೆ ಒಂದು ಚಿಕ್ಕ ಬರಹ ಬರುತ್ತದೆ. ಮರುಕ್ಷಣ ಬೆವರು ಸುರಿಸಿ ನೆಲ ಅಗೆಯುತ್ತಿರುವ ರೈತರು ಕಾಣುತ್ತಾರೆ.

ಕುಣಿತವನ್ನು ತೆಗೆದವನು ಅರಮನೆಯ ಮಂದಿಯನ್ನು ಮೆಚ್ಚಿಸಲು ತೆಗೆದಿದ್ದ. ಆ ಚಿತ್ರದಲ್ಲಿ ಶುಬ್ ಒಂದು ಗೆರೆಯನ್ನೂ ತಿದ್ದಲಿಲ್ಲ. ಪಕ್ಕದಲ್ಲಿ ಇನ್ನೊಂದು ಚಿತ್ರ ಇಟ್ಟರು, ಅಷ್ಟೆ. ಅರಸ ತನ್ನ ಹೆಮ್ಮೆಗೆಂದು ತೆಗೆಸಿಕೊಂಡದ್ದೇ ಅವನ ವಿರುದ್ಧದ ಸಾಕ್ಷ್ಯವಾಯಿತು.

ಕೌದಿ ಯಾರದು?

ಚಿತ್ರ ಗೆದ್ದಿತು. ಆಗ ಇನ್ನೊಂದು ಪ್ರಶ್ನೆ ಎದ್ದಿತು. ಇದನ್ನು ಮಾಡಿದವರು ಯಾರು? ಛಾಯಾಗ್ರಹಣ ಯಾರ್ಯಾರದೋ. ನಟರಿಲ್ಲದ್ದರಿಂದ ನಿರ್ದೇಶನವೂ ಇಲ್ಲ ಎಂಬುದು ಸಂಸ್ಥೆಯ ವಾದ. ಚಿತ್ರದಲ್ಲಿ ಶುಬ್ ಹೆಸರು ನಿರ್ದೇಶಕಿಯೆಂದು ಬರಲಿಲ್ಲ, ಬರೀ ‘ಕೆಲಸ: ಶುಬ್’ ಎಂದು ಬಂತು. ಕರ್ತೃವಿಗೆ ಸಲ್ಲಬೇಕಾದ ಸಂಭಾವನೆಯನ್ನೂ ನಿರಾಕರಿಸಲಾಯಿತು. ಬೇರೆಯವರ ತುಂಡುಗಳನ್ನು ಅಂಟಿಸಿದವರಿಗೆ ಕರ್ತೃತ್ವ ಎಲ್ಲಿಂದ ಬರಬೇಕು? ಅದೇ ವರ್ಷ ಚಲನಚಿತ್ರ ನೀತಿಯ ಮೇಲೆ ನಡೆದ ಬಹಿರಂಗ ಚರ್ಚೆಯಲ್ಲಿ ಮಯಕೋವ್‌ಸ್ಕಿ ಎದ್ದು ನಿಂತು ಈ ಅನ್ಯಾಯವನ್ನು ಖಂಡಿಸಿದರು.

ನಮ್ಮ ಅಜ್ಜಿಯರು ಹಳೆಯ ಸೀರೆ, ಅಂಗಿಗಳ ತುಂಡು ಸೇರಿಸಿ ಕೌದಿ ಹೊಲಿಯುತ್ತಿದ್ದುದನ್ನು ಉತ್ತರ ಕರ್ನಾಟಕದ ಓದುಗರು ಬಲ್ಲರು. ಆ ಕೌದಿ ಯಾರದು? ಬಟ್ಟೆ ನೇಯ್ದ ನೇಕಾರರದೇ? ಸೀರೆ ಉಟ್ಟು ಹಳತು ಮಾಡಿದವರದೇ? ಹೊಲಿದ ಅಜ್ಜಿಯದೆಂದು ಯಾರಾದರೂ ಹೇಳುತ್ತಾರೆ. ಆದರೆ ಅಜ್ಜಿಯನ್ನು ಕಲಾವಿದೆಯೆಂದು ಕರೆಯಲು ಹಿಂಜರಿಯುತ್ತಾರೆ. ಫಿಲ್ಮು ಕತ್ತರಿಸಿ ಅಂಟಿಸುವ ಕೆಲಸವನ್ನೂ ಆ ಕಾಲದಲ್ಲಿ ಹೊಲಿಗೆಯಂಥದೆಂದೇ ಭಾವಿಸಿ ಬಹಳ ಕಡೆ ಹೆಣ್ಣುಮಕ್ಕಳಿಗೆ ವಹಿಸುತ್ತಿದ್ದರು. ಜೀಗಾ ವೆರ್ತೋವ್ ಅವರ 1929ರ ‘ಮ್ಯಾನ್ ವಿತ್ ಎ ಮೂವಿ ಕ್ಯಾಮೆರಾ’ ಚಿತ್ರದಲ್ಲಿ ಮೇಜಿನ ಮುಂದೆ ಕುಳಿತು ಫಿಲ್ಮು ಜೋಡಿಸುವ ಮಹಿಳೆಯೊಬ್ಬರು ಕಾಣಿಸುತ್ತಾರೆ. ಅವರು ಆ ಚಿತ್ರದ ನಿಜವಾದ ಸಂಕಲನಕಾರ್ತಿ, ವೆರ್ತೋವ್ ಪತ್ನಿ ಎಲಿಜವೆತಾ ಸ್ವಿಲೊವಾ. ಗಂಡನ ಹೆಸರು ಜಗತ್ತಿಗೆಲ್ಲ ಗೊತ್ತು. ಇವರ ಹೆಸರು ಎಷ್ಟು ಮಂದಿಗೆ ಗೊತ್ತು?

ಆದರೆ ಕರ್ತೃತ್ವ ಎಂಬುದು ಗೌರವದ ಮಾತು ಮಾತ್ರವಲ್ಲ, ಹೊಣೆಯ ಮಾತೂ ಹೌದು. ಆಯ್ದವರು ನಾನೇ ಆಯ್ದೆ ಎಂದು ಒಪ್ಪಿಕೊಂಡರೆ ಮಾತ್ರ, ಯಾಕೆ ಹೀಗೆ ಆಯ್ದಿರಿ ಎಂದು ಕೇಳಬಹುದು. ಸಂಕಲನಕಾರರಿಗೆ ಹೆಸರೇ ಇಲ್ಲದಿದ್ದರೆ ಪಾಟೀಸವಾಲು ಯಾರಿಗೆ?

ನಟನೆಯ ಇತಿಹಾಸ, ದಾಖಲೆಯ ಇತಿಹಾಸ

ಅದೇ 1927ರ ನವೆಂಬರ್, ಅಕ್ಟೋಬರ್ ಕ್ರಾಂತಿಯ ಹತ್ತನೇ ವಾರ್ಷಿಕೋತ್ಸವ. ಅದಕ್ಕಾಗಿ ಶುಬ್ ‘ಮಹಾಮಾರ್ಗ’ ಎಂಬ ಎರಡನೇ ಚಿತ್ರ ಮಾಡಿದರು. ಅಮೆರಿಕದಿಂದ ಕೊಂಡು ತಂದ ಫಿಲ್ಮನ್ನೂ ಸೇರಿಸಿ, ಕ್ರಾಂತಿಯ ನಂತರದ ಹತ್ತು ವರ್ಷಗಳನ್ನು ದಾಖಲೆ ಚಿತ್ರಗಳಿಂದಲೇ ಕಟ್ಟಿದರು. ಅದೇ ಸಂದರ್ಭಕ್ಕೆ ಅವರ ಹಳೆಯ ಗೆಳೆಯ ಐಸೆನ್‌ಸ್ಟೈನ್ ‘ಅಕ್ಟೋಬರ್’ ಚಿತ್ರ ತೆಗೆದರು. ಅವರ ದಾರಿ ಬೇರೆ. ಲೆನಿನ್‌ನ ಹೋಲಿಕೆಯಿದ್ದ ಒಬ್ಬ ಕಾರ್ಮಿಕನಿಂದ ಲೆನಿನ್ ಪಾತ್ರ ಮಾಡಿಸಿ, ಸಾವಿರಾರು ಜನರನ್ನು ಸೇರಿಸಿ ಚಳಿಗಾಲದ ಅರಮನೆಯ ಮೇಲಿನ ದಾಳಿಯನ್ನು ಮತ್ತೆ ನಡೆಸಿದರು. ಇತಿಹಾಸವನ್ನು ಹೀಗೆ ಆಡಿ ತೋರಿಸುವುದು ಶುಬ್ ಅವರಿಗೆ ಒಪ್ಪಿಗೆಯಾಗಲಿಲ್ಲ.

ಮುಂದೆ ಆದದ್ದು ನೋಡಿ. 1917ರ ಆ ದಾಳಿಯನ್ನು ಯಾರೂ ಹಾಗೆ ಚಿತ್ರೀಕರಿಸಿರಲಿಲ್ಲ. ಹಾಗಾಗಿ ಐಸೆನ್‌ಸ್ಟೈನ್ ಚಿತ್ರದ ದೃಶ್ಯಗಳೇ ದಶಕಗಳ ಕಾಲ ಪುಸ್ತಕ, ಟೆಲಿವಿಷನ್‌ಗಳಲ್ಲಿ ‘ನಿಜವಾದ ದೃಶ್ಯ’ಗಳೆಂದು ಬಂದವು. ಗೇಟು ಹತ್ತಿ ನುಗ್ಗುವ ಆ ಜನ ಹತ್ತು ವರ್ಷದ ನಂತರ ಕ್ಯಾಮೆರಾದ ಮುಂದೆ ಓಡಿದವರೆಂದು ಎಷ್ಟೋ ಓದುಗರಿಗೆ ಗೊತ್ತೇ ಆಗಲಿಲ್ಲ. ನಟನೆ ದಾಖಲೆಯ ಜಾಗದಲ್ಲಿ ಕುಳಿತುಬಿಟ್ಟಿತು. ಶುಬ್ ಯಾಕೆ ಹಟ ಹಿಡಿದಿದ್ದರೆಂಬುದಕ್ಕೆ ಇದಕ್ಕಿಂತ ದೊಡ್ಡ ನಿದರ್ಶನ ಬೇಕಿಲ್ಲ.

1928ರಲ್ಲಿ ಟಾಲ್‌ಸ್ಟಾಯ್ ಜನ್ಮಶತಮಾನೋತ್ಸವಕ್ಕೆ ಅವರು ಮೂರನೆಯ ಚಿತ್ರ ಮಾಡಿದರು. ಟಾಲ್‌ಸ್ಟಾಯ್ ಸ್ವತಃ ಕಾಣಿಸುವ ಫಿಲ್ಮು ಸಿಕ್ಕಿದ್ದು ತೀರಾ ಸ್ವಲ್ಪ. ಹಾಗೆಂದು ವೇಷಧಾರಿಯನ್ನು ತರಲಿಲ್ಲ. ಅವರು ಬದುಕಿದ್ದ ಕಾಲದ ರಷ್ಯಾವನ್ನೇ ಅವರ ಸುತ್ತ ಜೋಡಿಸಿದರು. ಸಾಕ್ಷ್ಯ ಕಡಿಮೆಯಿದ್ದಾಗ ಕಡಿಮೆಯೇ ಹೇಳಬೇಕೆಂಬ ಶಿಸ್ತು ಅದು.

ಹಾಗಾದರೆ ಶುಬ್ ಪಕ್ಷಪಾತವಿಲ್ಲದ ಸಾಕ್ಷಿಯೇ? ಅಲ್ಲ. ಕುಣಿಯುವವರೂ ಅಗೆಯುವವರೂ ಒಂದೇ ದಿನ, ಒಂದೇ ಜಾಗದಲ್ಲಿದ್ದವರಲ್ಲ. ಅವರನ್ನು ಪಕ್ಕಪಕ್ಕದಲ್ಲಿಟ್ಟದ್ದು ಶುಬ್ ಅವರ ತೀರ್ಪು. ಅದೂ ಆಳುವ ಸರಕಾರಕ್ಕೆ ಬೇಕಾಗಿದ್ದ ತೀರ್ಪು. ಬಿದ್ದುಹೋದ ಅರಸನ ಮೇಲೆ ಕತ್ತರಿ ಎತ್ತುವುದು ಸುಲಭ. ಸಿಂಹಾಸನದಲ್ಲಿರುವವನ ಮೇಲೆ ಎತ್ತುವುದು ಆ ದೇಶದಲ್ಲಿ ಯಾರಿಗೂ ಸಾಧ್ಯವಿರಲಿಲ್ಲ. ಸ್ಟಾಲಿನ್ ಕಾಲದಲ್ಲಿ ಎಷ್ಟೋ ಮುಖಗಳು ಫೋಟೋಗಳಿಂದಲೇ ಮಾಯವಾದವು. ಆ ಕತ್ತರಿಯ ಬಗ್ಗೆ ಚಿತ್ರ ಮಾಡುವ ಸ್ವಾತಂತ್ರ್ಯ ಶುಬ್ ಅವರಿಗೂ ಇರಲಿಲ್ಲ. ಆದರೂ ಒಂದು ವ್ಯತ್ಯಾಸ ನಮಗೆ ಕಾಣುತ್ತದೆ. ಅವರು ತಮ್ಮ ಅಭಿಪ್ರಾಯವನ್ನು ಜೋಡಣೆಯಲ್ಲಿ ಹೇಳಿದರು, ತುಂಡನ್ನು ಸುಳ್ಳು ಮಾಡಿ ಹೇಳಲಿಲ್ಲ. ಚಿತ್ರಗಳನ್ನು ಸರಸರನೆ ಓಡಿಸದೆ, ಪ್ರೇಕ್ಷಕರು ನಿಂತು ನೋಡುವಷ್ಟು ಹೊತ್ತು ತೆರೆಯ ಮೇಲೆ ಬಿಟ್ಟರು. ನೋಡುವವನು ತೀರ್ಪನ್ನು ಒಪ್ಪದೆಯೂ ಇರಬಹುದು, ಆದರೆ ಸಾಕ್ಷ್ಯ ಅವನ ಕಣ್ಣ ಮುಂದಿರುತ್ತದೆ.

ಮಾತು ಬಂದ ಮೇಲೆ

ಸಿನಿಮಾಕ್ಕೆ ಮಾತು ಬಂದಾಗ ಶುಬ್ ಹಿಂಜರಿಯಲಿಲ್ಲ. 1932ರಲ್ಲಿ ದೇಶದ ವಿದ್ಯುದೀಕರಣದ ಬಗ್ಗೆ ತೆಗೆದ ಚಿತ್ರದಲ್ಲಿ ಕಾರ್ಖಾನೆ, ಅಣೆಕಟ್ಟುಗಳಿಗೇ ಧ್ವನಿಯಂತ್ರ ಕೊಂಡೊಯ್ದು ಜನರ ಮಾತನ್ನು ಇದ್ದಂತೆ ಹಿಡಿದರು. ದೀಪ, ಮೈಕುಗಳ ಮುಂದೆ ಜನ ಕಕ್ಕಾಬಿಕ್ಕಿಯಾಗುವುದನ್ನೂ ಮರೆಮಾಚಲಿಲ್ಲ. ಇಲ್ಲಿ ಕ್ಯಾಮೆರಾ ಇದೆ, ನೀವು ನೋಡುತ್ತಿರುವುದು ಚಿತ್ರ ಎಂದು ಪ್ರೇಕ್ಷಕರಿಗೆ ಹೇಳಿದಂತೆ ಅದು.

ಮಹಿಳೆಯರ ಕುರಿತು ಒಂದು ದೊಡ್ಡ ಚಿತ್ರದ ಬರಹವನ್ನು ಅವರು ಸಿದ್ಧಪಡಿಸಿದ್ದರು. ಅದು ತೆರೆಗೆ ಬರಲೇ ಇಲ್ಲ. ಸ್ಪೇನಿನ ಅಂತರ್ಯುದ್ಧದಲ್ಲಿ ರೊಮಾನ್ ಕಾರ್ಮೆನ್ ಮತ್ತು ಬೊರಿಸ್ ಮಕಸೆಯೆವ್ ಜೀವದ ಹಂಗು ತೊರೆದು ತೆಗೆದ ಫಿಲ್ಮುಗಳಿಂದ 1939ರಲ್ಲಿ ‘ಸ್ಪೇನ್’ ಚಿತ್ರ ಕಟ್ಟಿದರು. ಅಷ್ಟರಲ್ಲಿ ಅಲ್ಲಿನ ಗಣರಾಜ್ಯ ಸೋತುಹೋಗಿತ್ತು. ಎರಡನೇ ಮಹಾಯುದ್ಧದ ವರ್ಷಗಳಲ್ಲಿ ಸುದ್ದಿಚಿತ್ರಗಳ ಸಂಪಾದನೆ ಮಾಡಿದರು. 1959ರಲ್ಲಿ ಮಾಸ್ಕೋದಲ್ಲಿ ತೀರಿಕೊಂಡರು. ಅವರ ನೆನಪುಗಳ ಪುಸ್ತಕ ಬಂದದ್ದೂ ಅದೇ ವರ್ಷ.

ಆದರೆ ಅವರು ತುಳಿದ ದಾರಿ ಹೆದ್ದಾರಿಯಾಯಿತು. ಎರಡನೇ ಮಹಾಯುದ್ಧದಲ್ಲಿ ಅಮೆರಿಕದ ಫ್ರಾಂಕ್ ಕಾಪ್ರಾ ನಾಜಿಗಳದೇ ಪ್ರಚಾರಚಿತ್ರಗಳನ್ನು ತುಂಡರಿಸಿ ನಾಜಿಗಳ ವಿರುದ್ಧ ಬಳಸಿದರು. 1965ರಲ್ಲಿ ಮಿಖಾಯಿಲ್ ರೊಮ್ ‘ಸಾಮಾನ್ಯ ಫ್ಯಾಸಿಸಂ’ ಚಿತ್ರದಲ್ಲಿ ಹಿಟ್ಲರನ ಕಾಲದ ಜರ್ಮನಿಯನ್ನು ಅದರದೇ ಫಿಲ್ಮುಗಳಿಂದ ಪ್ರಶ್ನಿಸಿದರು. ನಮ್ಮ ದೇಶದಲ್ಲೂ ಹಳೆಯ ಫಿಲ್ಮುಗಳಿಂದ ಇತಿಹಾಸ ಕಟ್ಟಿದವರಿದ್ದಾರೆ. ತಮಿಳುನಾಡಿನ ಎ.ಕೆ. ಚೆಟ್ಟಿಯಾರ್ ದೇಶದೇಶ ಸುತ್ತಿ ಗಾಂಧೀಜಿಯ ಚಿತ್ರದ ತುಂಡುಗಳನ್ನು ಕಲೆಹಾಕಿ 1940ರಲ್ಲಿ ಸಾಕ್ಷ್ಯಚಿತ್ರ ಹೊರತಂದರು. 1968ರಲ್ಲಿ ವಿಠ್ಠಲಭಾಯಿ ಝವೇರಿ ಗಾಂಧೀಜಿಯ ಬಗ್ಗೆ ಐದು ಗಂಟೆಗೂ ಮೀರಿದ ಚಿತ್ರ ಮಾಡಿದರು.

ಇಂಥವರಿಗೆ ಕಚ್ಚಾ ಸಾಮಗ್ರಿ ಉಳಿದಿರಬೇಕಲ್ಲ? ಆ ವಿಷಯದಲ್ಲಿ ನಮ್ಮ ದಾಖಲೆ ಹೆಮ್ಮೆಪಡುವಂಥದಲ್ಲ. ಭಾರತದಲ್ಲಿ ತಯಾರಾದ ಸುಮಾರು 1,300 ಮೂಕಿ ಚಿತ್ರಗಳಲ್ಲಿ ಉಳಿದವು ಕೆಲವೇ ಕೆಲವು. 1934ರಲ್ಲಿ ತೆರೆ ಕಂಡ ಮೊದಲ ಕನ್ನಡ ವಾಕ್ಚಿತ್ರ ‘ಸತಿ ಸುಲೋಚನ’ದ ಪ್ರತಿ ಇಂದು ಲಭ್ಯವಿಲ್ಲ. 2003ರಲ್ಲಿ ಪುಣೆಯಲ್ಲಿ ಬಿದ್ದ ಬೆಂಕಿಗೆ ಎಷ್ಟೋ ಹಳೆಯ ನೈಟ್ರೇಟ್ ರೀಲುಗಳು ಆಹುತಿಯಾದವು. ಸಾಕ್ಷಿ ಸತ್ತ ಮೇಲೆ ಯಾರು ಏನು ಬೇಕಾದರೂ ಹೇಳಬಹುದು.

ನಮ್ಮ ಕೈಯಲ್ಲಿರುವ ಕತ್ತರಿ

ಒಂದು ಶತಮಾನದ ಹಿಂದೆ ಕತ್ತರಿ ಕೆಲವರ ಕೈಯಲ್ಲಿ ಮಾತ್ರ ಇತ್ತು. ಇಂದು ಜೇಬಿನಲ್ಲಿ ಮೊಬೈಲ್ ಇರುವ ಪ್ರತಿಯೊಬ್ಬರ ಬಳಿಯೂ ಇದೆ. ಅದರ ಪರಿಣಾಮವನ್ನು ಕರ್ನಾಟಕ ಕಣ್ಣಾರೆ ಕಂಡಿದೆ. 2012ರ ಆಗಸ್ಟಿನಲ್ಲಿ ಅಸ್ಸಾಮಿನ ಹಿಂಸಾಚಾರದ ಬೆನ್ನಿಗೆ ತಿರುಚಿದ ಚಿತ್ರಗಳೂ ಎಸ್ಸೆಮ್ಮೆಸ್ ವದಂತಿಗಳೂ ಹಬ್ಬಿದವು. ಮುಸ್ಲಿಮರು ದಾಳಿ ಮಾಡಲಿದ್ದಾರೆಂಬ ಸುಳ್ಳು ಸುದ್ದಿಗೆ ಹೆದರಿ ಈಶಾನ್ಯ ರಾಜ್ಯಗಳ ಸಾವಿರಾರು ಮಂದಿ ಬೆಂಗಳೂರಿನ ರೈಲು ನಿಲ್ದಾಣಕ್ಕೆ ಓಡಿದರು. ವಿಶೇಷ ರೈಲುಗಳನ್ನೇ ಬಿಡಬೇಕಾಯಿತು. ಹೋಗಬೇಡಿ, ನಿಮ್ಮೊಂದಿಗೆ ನಾವಿದ್ದೇವೆ ಎಂದು ಹೇಳಲು ನಗರದ ಮುಸ್ಲಿಮರೂ ನಿಲ್ದಾಣಕ್ಕೆ ಹೋದರು. ಎಲ್ಲಿಯದೋ ಚಿತ್ರಕ್ಕೆ ಇನ್ನೆಲ್ಲಿಯದೋ ಹೆಸರು ಹಚ್ಚಿದರೆ ಏನಾಗುತ್ತದೆಂಬುದಕ್ಕೆ ಆ ವಾರ ಸಾಕ್ಷಿ.

ಹೊರಟುಹೋದವರಿಗೆ ಆ ಚಿತ್ರಗಳನ್ನು ಮಾಡಿದವರ ಹೆಸರು ಗೊತ್ತಿರಲಿಲ್ಲ, ಕಳುಹಿಸಿದವರ ಹೆಸರು ಮಾತ್ರ ಗೊತ್ತಿತ್ತು. ಅವರಲ್ಲಿ ಹೆಚ್ಚಿನವರು ಪರಿಚಿತರು, ಗೆಳೆಯರು, ನೆಂಟರು. ಒಳ್ಳೆಯ ಉದ್ದೇಶದಿಂದಲೇ ಕಳುಹಿಸಿದವರೂ ಇದ್ದಿರಬೇಕು. ಆದರೆ ಕಳುಹಿಸುವುದೂ ಒಂದು ಆಯ್ಕೆ. ಆಯ್ಕೆ ಮಾಡಿದವರು ಹೊಣೆಯಿಂದ ನುಣುಚಿಕೊಳ್ಳಲಾಗದು ಎಂಬುದನ್ನೇ ಶುಬ್ ಅವರ ಬದುಕು ಹೇಳುತ್ತದೆ. ಒಂದು ತುಂಡೂ ತಾನು ತೆಗೆಯದ ಫಿಲ್ಮಿನ ಮುಂದೆ ಎರಡು ತಿಂಗಳು ಕುಳಿತು, ಇದು ಯಾರು, ಎಲ್ಲಿಯದು, ಯಾವ ವರ್ಷದ್ದು ಎಂದು ಅವರು ಕೇಳಿಕೊಂಡರು. ನಮ್ಮ ಕೈಗೆ ಬರುವ ಚಿತ್ರಕ್ಕೆ ಅವೇ ಮೂರು ಪ್ರಶ್ನೆ ಕೇಳಲು ಎರಡು ನಿಮಿಷ ಸಾಕು. ಉತ್ತರ ಸಿಗದಿದ್ದರೆ ಅದನ್ನು ಮುಂದಕ್ಕೆ ಕಳುಹಿಸದೆ ಅಲ್ಲಿಯೇ ನಿಲ್ಲಿಸುವುದಾದರೂ ನಮ್ಮಿಂದಾಗಬೇಕು.